ಜಪಾನಿ ಸಿಪಾಯಿಯ ತಾಯಿ

ಎಪ್ಪತ್ತರ ದಶಕದ ಕೊನೆ. ನಾವು ತ್ಯಾಗರಾಜನಗರದಲ್ಲಿದ್ದೆವು. ಅಣ್ಣನಿಗೆ ಸೈನ್ಯದಲ್ಲಿ ಕೆಲಸ ಸಿಕ್ಕಿತ್ತು. ಅಪ್ಪ ಒಪ್ಪಿದ್ದರು. ಅಮ್ಮ ಮಾತ್ರ ಹೂಂ ಅನ್ನಲಿಲ್ಲ, ಊಹೂಂ ಅನ್ನಲೂ ಇಲ್ಲ. ಅವಳು ಬಾಯಿಬಿಟ್ಟು ಹೇಳದೆ ತಾನು ಹೊರಡುವುದಿಲ್ಲ ಎಂದು ಅಣ್ಣ ಕೂತಿದ್ದ.

ಜಯನಗರದ ಫಿಲ್ಮ್ ಸೊಸೈಟಿಗೆ ಅವನು ಸದಸ್ಯ. ಆ ಭಾನುವಾರ ಯುದ್ಧದ ಒಂದು ಹಳೆಯ ಜಪಾನಿ ಚಿತ್ರವಿತ್ತು. ನೋಡಿದರೆ ಅಮ್ಮನಿಗೆ ಹೆಮ್ಮೆ ಹುಟ್ಟೀತು ಎಂದುಕೊಂಡು ನಮ್ಮಿಬ್ಬರನ್ನೂ ಕರೆದೊಯ್ದ. ಶುರುವಿಗೆ ಮುಂಚೆ ಸೊಸೈಟಿಯ ಹಿರಿಯರೊಬ್ಬರು ಎದ್ದು, "ಹುಡುಗರು ಸಂತೋಷವಾಗಿ ಯುದ್ಧಕ್ಕೆ ಹೋಗಲಿ, ಮನೆಯವರು ಸಂತೋಷವಾಗಿ ಕಳಿಸಲಿ ಅಂತಲೇ ಮಾಡಿದ ಚಿತ್ರ ಇದು" ಎಂದರು. ಅಮ್ಮ ಅಣ್ಣನ ಮುಖ ನೋಡಿದಳು.

ಪರದೆಯ ಕೆಳಗೆ ಇಂಗ್ಲಿಷಿನಲ್ಲಿ ಬರುತ್ತಿದ್ದ ಮಾತುಗಳನ್ನು ನಾನು ಅಮ್ಮನ ಕಿವಿಯಲ್ಲಿ ಕನ್ನಡದಲ್ಲಿ ಹೇಳುತ್ತಿದ್ದೆ. ಸಿಪಾಯಿಗಳು ಕೆಸರಿನಲ್ಲಿ ನಡೆದೇ ನಡೆದರು. ಒಬ್ಬ ಹುಡುಗ ತನ್ನ ಪಾಲಿನ ಅನ್ನದುಂಡೆಯನ್ನು ಜ್ವರ ಬಂದವನ ಬಾಯಿಗಿಟ್ಟ.

"ಇವನಿಗೆ?" ಎಂದಳು ಅಮ್ಮ.

ಸೇತುವೆಗೆ ಸಿಡಿಮದ್ದು ಇಡಲು ಯಾರು ಹೋಗುತ್ತೀರಿ ಎಂದು ಅಧಿಕಾರಿ ಕೇಳಿದ. ಹೋದವನು ಮರಳುವಂತಿರಲಿಲ್ಲ. ಅದೇ ಹುಡುಗ ಕೈ ಎತ್ತಿದ. ಅಷ್ಟಕ್ಕೆ ರೀಲು ಮುಗಿದು ದೀಪ ಹತ್ತಿತು. ಇದ್ದುದು ಒಂದೇ ಪ್ರೊಜೆಕ್ಟರ್. ರೀಲು ಬದಲಿಸುವ ತನಕ ಕಾಯಬೇಕು.

"ನೀನಾಗಿದ್ರೆ ಕೈ ಎತ್ತುತ್ತಿದ್ಯಾ?" ಅಮ್ಮ ಅಣ್ಣನನ್ನು ಕೇಳಿದಳು.

"ಗೊತ್ತಿಲ್ಲಮ್ಮ."

"ನಂಗೊತ್ತು. ಪಾಯಸ ಯಾರಿಗೆ ಅಂದ್ರೂ ನಿಂದೇ ಕೈ ಮೇಲೆ, ನೀರು ಯಾರು ಸೇದ್ತೀರಿ ಅಂದ್ರೂ ನಿಂದೇ."

ಅಣ್ಣ ನಕ್ಕ. ಅವಳು ನಗಲಿಲ್ಲ.

ಕೊನೆಯ ರೀಲಿನಲ್ಲಿ ಹುಡುಗ ಸತ್ತ. ಊರಿನಲ್ಲಿ ಅವನ ತಾಯಿ ಪಟದ ಮುಂದೆ ನೆಟ್ಟಗೆ ಕೂತು ತಲೆಬಾಗಿದಳು. ಸೇತುವೆ ಸಿಡಿದದ್ದು ನನಗೆ ಮರೆತಿದೆ. ಆ ಒಣಗಿದ ಕಣ್ಣು ಮರೆತಿಲ್ಲ.

"ಅಳಲ್ವಾ ಅವಳು?"

"ಇಲ್ಲಮ್ಮ. ದೇಶಕ್ಕೆ ಕೊಟ್ಟೆ ಅಂತಾಳೆ."

"ಪಾಪ. ಅಳೋಕೂ ಬಿಟ್ಟಿಲ್ಲ ಅವಳನ್ನ," ಎಂದು ಅಮ್ಮ ಸೆರಗನ್ನು ಬಾಯಿಗೊತ್ತಿಕೊಂಡು ಅತ್ತಳು. ಆ ಹಾಲ್‌ನಲ್ಲಿ ಅತ್ತವಳು ಅವಳೊಬ್ಬಳೇ.

ಬಸ್ ಸ್ಟಾಪಿನಲ್ಲಿ ಅಣ್ಣನ ಕಡೆ ತಿರುಗದೆಯೇ ಹೇಳಿದಳು: "ಹೋಗಿ ಬಾ. ಆದ್ರೆ ಹೊರಡೋವಾಗ ಕಣ್ಣೀರು ಹಾಕ್ಬಾರ್ದು, ಅಪಶಕುನ ಅಂತ ಯಾರೂ ನಂಗೆ ಹೇಳಕೂಡ್ದು. ನಾನು ಅಳ್ತೀನಿ."

ಅವನು ಹೊರಟ ಬೆಳಿಗ್ಗೆ ಅಮ್ಮ ಗೇಟಿನ ಹತ್ತಿರ ಅತ್ತಳು. ಪಕ್ಕದ ಮನೆಯಾಕೆ, "ಶುಭ ಹೊತ್ತಲ್ಲಿ ಏನ್ರೀ ಇದು?" ಎಂದರು.

"ಅಳ್ಲಿ ಬಿಡಿ ಆಂಟಿ," ಎಂದ ಅಣ್ಣ. ಟ್ರಂಕನ್ನು ಕೆಳಗಿಟ್ಟು, ಅವಳ ಅಳು ಮುಗಿಯುವ ತನಕ ನಿಂತೇ ಇದ್ದ.