ಅತ್ತಿಗೆಗೆಂದು ಬೆಳೆದ ಕಡಲೆ

ಸಂಕ್ರಾಂತಿಯ ಹೊತ್ತಿಗೆ ಚಿಕ್ಕಬಳ್ಳಾಪುರದ ಬಸ್ ನಿಲ್ದಾಣದ ಹೊರಗೆ ತಳ್ಳುಗಾಡಿಗಳ ತುಂಬ ಹಸಿಗಡಲೆ ಬರುತ್ತದೆ. ಗಿಡದ ಸಮೇತ ಕಟ್ಟಿದ ಕಂತೆಗಳು. ಮೊನ್ನೆ ಗಾಡಿಯವಳು "ತಗಳ್ಳಮ್ಮ, ಎಳೇ ಕಾಯಿ" ಎಂದು ಒಂದು ಕಂತೆಯನ್ನು ನನ್ನ ಮುಖದ ಹತ್ತಿರ ಹಿಡಿದಳು. ಆ ಹುಳಿ ವಾಸನೆ ಮೂಗಿಗೆ ಬಡಿದದ್ದೇ ತಡ, ನಾನು ಏನನ್ನೋ ಕದ್ದವಳಂತೆ ತಲೆ ತಗ್ಗಿಸಿ ನಡೆದುಬಿಟ್ಟೆ. ಅವಳಿಗೆ ಏನನ್ನಿಸಿತೋ. ನಿಮಗಾದರೂ ಕಾರಣ ಹೇಳುತ್ತೇನೆ.

ನಮ್ಮ ಯಜಮಾನರು ಬ್ಯಾಂಕಿನಿಂದ ನಿವೃತ್ತರಾದ ವರ್ಷ ಅದು. ಮನೆಯ ಹಿಂದೆ, ಎಂದೂ ಬಾರದ ಕಾರಿಗೆಂದು ಬಿಟ್ಟಿದ್ದ ಜಾಗವನ್ನು ಅಗೆದು ಪಾತಿ ಮಾಡಿದರು. ಟೊಮೆಟೊ, ಬದನೆ ಬೇಡವಂತೆ, ಕಡಲೆಯೇ ಆಗಬೇಕಂತೆ. ಕಾರಣ ಅವರ ಅಕ್ಕ, ನನ್ನ ಅತ್ತಿಗೆ. ತಾಯಿಯಿಲ್ಲದ ತಮ್ಮನನ್ನು ಸಾಕಿದವರು ಅವರೇ. ಕೆಂಚಾರ್ಲಹಳ್ಳಿಯ ಹೊಲದಲ್ಲಿ ಬಿತ್ತುವುದು, ಕಳೆ ಕೀಳುವುದು ಎಲ್ಲವನ್ನೂ ತಾವೇ ಮಾಡುತ್ತಿದ್ದರು. ತಮ್ಮನೇನಾದರೂ ಬದುವಿನ ಹತ್ತಿರ ಸುಳಿದರೆ "ಓದ್ಕೋ ಹೋಗೋ" ಎಂದು ಮಣ್ಣುಹೆಂಟೆ ಎಸೆದು ಓಡಿಸುತ್ತಿದ್ದರಂತೆ. ಸಂಜೆ ಮಡಿಲಲ್ಲಿ ಹಸಿಗಡಲೆ ತಂದು ಸುಲಿಸುಲಿದು ಬಾಯಿಗೆ ಹಾಕುತ್ತಿದ್ದರಂತೆ.

"ಅಕ್ಕನ ಕೈಲಿ ಅಷ್ಟು ತಿಂದಿದೀನಿ ಕಣೇ. ನಾನು ಬೆಳ್ದಿದ್ದು ಒಂದ್ಸಲನಾದ್ರೂ ಅವಳಿಗೆ ತಿನ್ನಿಸ್ಬೇಕು" ಎಂದರು.

ದೀಪಾವಳಿ ಕಳೆದ ಮೇಲೆ ಕಾಳು ಊರಿದರು. ಅದಕ್ಕೂ ಮೊದಲೇ ಕೊಟ್ಟಿಗೆ ಗೊಬ್ಬರ ಹಾಕಿ ಮಣ್ಣನ್ನು ಹದ ಮಾಡಿದ್ದರು. ಅಲ್ಲಿಗೇ ನಿಲ್ಲಿಸಿದ್ದರೆ ಈ ಕಥೆಯೇ ಇರುತ್ತಿರಲಿಲ್ಲ. ಮೊಳಕೆ ಬಂದ ಮೇಲೆ ಯೂರಿಯಾ. ಒಂದು ಎಲೆ ಹಳದಿಯಾದರೆ ಮತ್ತೆ ಯೂರಿಯಾ. ಬೆಳಗ್ಗೆ ನೀರು, ಸಂಜೆ ನೀರು. "ಕಡ್ಲೆಗೆ ಇಬ್ಬನಿನೇ ಸಾಕಂತಲ್ರೀ" ಎಂದರೆ, "ಪಾಪ, ಅದಕ್ಕೆ ಬಾಯಾರ್ಕೆ ಆಗಲ್ವೇನೆ?" ಎನ್ನುತ್ತಿದ್ದರು. ಗಿಡಗಳು ಮೊಣಕಾಲು ದಾಟಿ, ಕಡುಹಸಿರಾಗಿ, ಒಂದರ ಮೇಲೊಂದು ಬಿದ್ದು ಬೆಳೆದವು. ಅಕ್ಕಪಕ್ಕದವರು ಕಾಂಪೌಂಡಿನ ಮೇಲಿಂದ ಇಣುಕಿ ಹೊಗಳಿದರು. ನಾನೂ ಬೀಗಿದೆ. ಅತ್ತಿಗೆಗೆ ಫೋನು ಮಾಡಿದವಳು ನಾನೇ. "ಹಬ್ಬ ಆದ ಭಾನುವಾರ ಮೊಮ್ಮಗಳನ್ನ ಕರ್ಕೊಂಡು ಬನ್ನಿ ಅತ್ತಿಗೆ, ನೀವೇ ಕೀಳೀರಂತೆ."

ಹಬ್ಬ ಬಂತು, ಕಾಯಿ ಬರಲಿಲ್ಲ. ಎಲೆ ಸರಿಸಿದರೆ ಅದರಡಿಯಲ್ಲೂ ಎಲೆ. ತಿಂದದ್ದನ್ನೆಲ್ಲ ಗಿಡಗಳು ಮೈಗೇ ಹಚ್ಚಿಕೊಂಡಿದ್ದವು, ಥೇಟ್ ನನ್ನ ಹಾಗೆ.

ಆ ಭಾನುವಾರ ನಸುಕಿನಲ್ಲಿ ಎದ್ದು ಹಿತ್ತಲ ಬಾಗಿಲು ತೆಗೆದರೆ ಯಜಮಾನರು ಪಾತಿಯ ಬಳಿ ಮಂಡಿಯೂರಿ ಕುಳಿತಿದ್ದರು. ಪಕ್ಕದಲ್ಲಿ ಮಾರ್ಕೆಟ್ಟಿನಿಂದ ತಂದ ಹಸಿಗಡಲೆಯ ಕಂತೆಗಳು. ಒಂದೊಂದೇ ಗಿಡ ಬಿಡಿಸಿ, ಕಡ್ಡಿಯಿಂದ ತೂತು ಮಾಡಿ, ಪಾತಿಯ ಅಂಚಿಗೆ ನೆಡುತ್ತಿದ್ದರು. ನನ್ನನ್ನು ಕಂಡರೂ ಮುಖ ಎತ್ತಲಿಲ್ಲ. "ಅಕ್ಕ ಆಗ್ಲೇ ಬಸ್ ಹತ್ತಿದಾಳಂತೆ" ಎಂದರಷ್ಟೆ. ಅರವತ್ತು ದಾಟಿದ ಮನುಷ್ಯ. ಬೈಯಬೇಕಿತ್ತು. ಬೈಯುವ ಬದಲು ನಾನೂ ಕೂತು ಬುಡಕ್ಕೆ ಮಣ್ಣು ಒತ್ತಿದೆ. ಬಾಡದಿರಲೆಂದು ನೀರನ್ನೂ ಚಿಮುಕಿಸಿದೆ.

ಅತ್ತಿಗೆ ಬಂದವರೇ ಕೈಕಾಲು ತೊಳೆದು ನೇರ ಹಿತ್ತಲಿಗೆ ಹೋದರು. ನೀವು ಕಡಲೆ ಗಿಡ ಮುಟ್ಟಿದ್ದರೆ ನಿಮಗೂ ಗೊತ್ತಿರುತ್ತದೆ, ಎಲೆ ಸವರಿದರೆ ಬೆರಳಿಗೆ ಹುಳಿ ಅಂಟುತ್ತದೆ. ಅವರು ಅಂಚಿನ ಗಿಡವೊಂದನ್ನು ಸವರಿ ಬೆರಳನ್ನು ನಾಲಿಗೆಗೆ ಮುಟ್ಟಿಸಿದರು. ನನ್ನ ನೀರಿಗೆ ಹುಳಿಯೆಲ್ಲ ತೊಳೆದುಹೋಗಿತ್ತು. ತಮ್ಮನ ಕಡೆ ತಿರುಗಿ, "ಏಮಿರಾ ಇದಿ?" ಎಂದು ಮೆಲ್ಲಗೆ ಕೇಳಿದರು, ಇದೇನೋ ಎಂದು. ಇತರರು ಕೇಳಬಾರದ ಮಾತಿಗೆ ಅಕ್ಕತಮ್ಮನ ನಡುವೆ ತೆಲುಗು. ಯಜಮಾನರು ಕಾಂಪೌಂಡು ಗೋಡೆ ನೋಡುತ್ತಾ ನಿಂತರು.

ಅಷ್ಟರಲ್ಲಿ ಮೊಮ್ಮಗಳು ಒಂದು ಗಿಡ ಎಳೆದಿದ್ದಳು. ಅದು ಸಲೀಸಾಗಿ ಕೈಗೆ ಬಂತು. "ಅಜ್ಜೀ, ಇದಕ್ಕೆ ಬೇರೇ ಇಲ್ಲ!"

ಅತ್ತಿಗೆ ತಡವರಿಸಲಿಲ್ಲ. "ನಿಂಗೆ ಕೈ ನೋಯ್ಬಾರ್ದು ಅಂತ ತಾತ ಮೊದ್ಲೇ ಕುಯ್ದು ಇಟ್ಟವ್ನೆ ಕಣಮ್ಮ. ಕೀಳು, ಕೀಳು."

ಮಗು ಕುಣಿಯುತ್ತಾ ಕಿತ್ತಿತು. ಭೂಮಿ ಬಾಯಿ ಬಿಡಬಾರದೇ ಎನಿಸಿತು ನನಗೆ. ಹೇಗೆ ಬಿಟ್ಟೀತು, ಬೆಳಗ್ಗೆ ನಾನೇ ಅಷ್ಟು ಗಟ್ಟಿಯಾಗಿ ಒತ್ತಿದ್ದೆನಲ್ಲ.

ಮಗು ಕಂತೆ ಹಿಡಿದು ಒಳಗೆ ಓಡಿದ ಮೇಲೆ ಯಜಮಾನರು ಬಾಯಿ ತೆರೆದರು. "ತಪ್ಪಾಯ್ತಕ್ಕ. ನಿಂಗೆ ನಾನು ಬೆಳ್ದಿದ್ದು ತಿನ್ನಿಸ್ಬೇಕು ಅಂತ..."

"ನಂದೂ ತಪ್ಪೈತೆ ಕಣೋ" ಎಂದರು ಅತ್ತಿಗೆ. "ಹೊಲಕ್ಕೆ ಬಂದ್ರೆ ಹೆಂಟೆ ಹೊಡೀತಿದ್ದೆ. ಬಿಟ್ಕೊಂಡಿದ್ರೆ ತಾನೆ ನಿಂಗೂ ಬರೋದು?" ಆಮೇಲೆ ಆ ಕಾಯಿಲ್ಲದ ಗಿಡಗಳ ನಡುವೆ ಬಗ್ಗಿ ಎಳೆಯ ಕುಡಿಗಳನ್ನು ಚಿವುಟಿ ಮಡಿಲಿಗೆ ಹಾಕಿಕೊಳ್ಳತೊಡಗಿದರು. "ಇಷ್ಟು ಸೊಪ್ಪೈತೆ, ಸಾರಿಗೆ ಸಾಲ್ದಾ? ಮುದ್ದೆ ತಿರುವಮ್ಮ."

ಸಾರಿಗೆ ಹುಣಸೆಹಣ್ಣೂ ಬೇಕಾಗಲಿಲ್ಲ. ಅತ್ತಿಗೆ ಎರಡನೆಯ ಮುದ್ದೆ ಹಾಕಿಸಿಕೊಂಡು ಉಂಡರು. ಯಜಮಾನರು ತಟ್ಟೆಯಿಂದ ಕಣ್ಣೆತ್ತಲಿಲ್ಲ. ನಾನು ಬಡಿಸುವ ನೆಪದಲ್ಲಿ ಕೂರಲೇ ಇಲ್ಲ. ಅತ್ತಿಗೆ ಎರಡು ಮಾತು ಬೈದಿದ್ದರೆ ನನಗೂ ಅನ್ನ ಇಳಿಯುತ್ತಿತ್ತೇನೋ.

ಆಮೇಲಿನ ವರ್ಷಗಳಲ್ಲಿ ಯಜಮಾನರು ಕೊಟ್ಟಿಗೆ ಗೊಬ್ಬರಕ್ಕೇ ನಿಲ್ಲಿಸಿದರು. ಈ ಸಲ ಕುಳ್ಳ ಗಿಡಗಳಲ್ಲಿ ಹಿಡಿಯಷ್ಟು ಕಾಯಿ ಬಿಟ್ಟಿತು. ಯಾರನ್ನೂ ಕರೆಯಲಿಲ್ಲ. ನಿನ್ನೆ ಅಂಗಿಯ ಜೇಬಿಗೆ ಹಾಕಿಕೊಂಡು ತಾವೇ ಕೆಂಚಾರ್ಲಹಳ್ಳಿಗೆ ಹೊರಟರು. "ನೀನೂ ಬಾರೆ" ಎಂದರು. ಅತ್ತಿಗೆಯ ಎದುರು ಕೂತು ಆ ಕಾಯಿ ಸುಲಿಯುವುದನ್ನು ನೋಡುವ ಧೈರ್ಯ ನನಗಿರಲಿಲ್ಲ. ಮಂಡಿನೋವು ಎಂದು ಸುಳ್ಳು ಹೇಳಿ ಉಳಿದೆ.

ಸಂಜೆ ಬಂದವರ ಮುಖ ಅರಳಿತ್ತು. "ಏನಂದ್ರು?" ಎಂದೆ.

"ಸುಲಿದು ತಿಂದ್ಲು. ಹುಳ ಬಿದ್ದೈತೆ ಕಣೋ ಅಂದ್ಲು!" ಬಹುಮಾನ ಬಂದವರಂತೆ ನಕ್ಕರು. ಆಮೇಲೆ ಚೀಲದಿಂದ ಒಂದು ಸೀಸೆ ತೆಗೆದು ನನ್ನ ಮುಂದಿಟ್ಟರು. "ಹರಳೆಣ್ಣೆ. ಮನೇಲೇ ಕಾಸಿದ್ದು. ನಿನ್ನ ಮಂಡಿಗೆ ಕಳ್ಸವ್ಳೆ. ಬಿಸಿ ಮಾಡಿ ಹಚ್ಕೋಬೇಕಂತೆ."

ಒಲೆಯ ಮೇಲೆ ಎಣ್ಣೆ ಬಿಸಿಯಾಯಿತು. ಏನೂ ನೋವಿಲ್ಲದ ಮಂಡಿಗೆ ಅದನ್ನು ಸವರಿಕೊಳ್ಳುತ್ತಾ, "ಮುಂದಿನ ಭಾನುವಾರ ನಾನೂ ಬರ್ತೀನಿ" ಎಂದೆ.