ಅವ್ವ ಬೀಸುಕಲ್ಲಿಗೆ ಕೊಟ್ಟ ಮಾತು

ನನ್ನ ಅಣ್ಣ ಈಗ ಯಾವ ಪಕ್ಷದಲ್ಲಿದ್ದಾನೆ ಎಂದು ಯಾರಾದರೂ ಕೇಳಿದರೆ ನಾನು ಮೊದಲು ಟೀವಿ ಹಚ್ಚುತ್ತೇನೆ. ಇದು ತಮಾಷೆಗೆ ಹೇಳುವ ಮಾತಲ್ಲ. ಬೆಳಿಗ್ಗೆ ಒಂದು ಗುಂಪಿನವರ ಜೊತೆ ಚಹಾ ಕುಡಿಯುತ್ತಿದ್ದವನು ಮಧ್ಯಾಹ್ನ ಇನ್ನೊಂದು ಗುಂಪಿನ ವೇದಿಕೆಯಲ್ಲಿ ಹಾರ ಹಾಕಿಸಿಕೊಂಡದ್ದನ್ನು ಕಣ್ಣಾರೆ ಕಂಡವಳು ನಾನು. ಸೋಲಾಪುರದ ನಮ್ಮ ಓಣಿಯವರು ಹಾಲಿನ ಅಂಗಡಿಯ ಮುಂದೆ ನನ್ನನ್ನು ನಿಲ್ಲಿಸಿ, ಆಮದಾರ ಸಾಹೇಬರು ಯಾರ ಕಡೆ ಎಂದು ವಿಚಾರಿಸುತ್ತಾರೆ. ಶಾಸಕರಿಗೆ ನಮ್ಮ ಸೀಮೆಯಲ್ಲಿ ಆಮದಾರ ಎನ್ನುವುದೇ ರೂಢಿ. ಒಡಹುಟ್ಟಿದವಳಿಗೆ ಒಳಗಿನ ಸುದ್ದಿ ಗೊತ್ತಿರುತ್ತದೆ ಎಂದು ಅವರ ನಂಬಿಕೆ. ಇಡೀ ಆಯುಷ್ಯ ಕನ್ನಡ ಸಾಲೆಯಲ್ಲಿ ಮಕ್ಕಳ ಪ್ರಶ್ನೆಗಳಿಗೆ ಉತ್ತರ ಹೇಳಿ ನಿವೃತ್ತಳಾದವಳಿಗೆ, ಸ್ವಂತ ಅಣ್ಣನ ಬಗ್ಗೆ ಗೊತ್ತಿಲ್ಲ ಎನ್ನಲು ನಾಚಿಕೆಯಾಗುತ್ತದೆ. ಆದರೂ ಗೊತ್ತಿಲ್ಲ ಎಂದೇ ಹೇಳಿ ಹಾಲಿನ ಚೀಲ ಹಿಡಿದು ಮನೆಗೆ ಬರುತ್ತೇನೆ.

ನಮ್ಮೂರು ಅಕ್ಕಲಕೋಟ ತಾಲೂಕಿನ ಚಪಳಗಾಂವ. ಕುರಿ ಕಾಯುವ ಮನೆತನ, ಬೀರೋಬ ದೇವರ ಒಕ್ಕಲು. ಅಣ್ಣ ಕುರಿಗಳ ಹಿಂದೆ ತಿರುಗುತ್ತಲೇ ಓದಿದ. ಓದಿದ್ದಕ್ಕಿಂತ ಮಾತಾಡಿದ್ದೇ ಹೆಚ್ಚು. ಇಬ್ಬರು ಕುರಿಗಾರರು ಮೇವಿನ ಜಾಗಕ್ಕೆ ಕೋಲು ಹಿಡಿದು ನಿಂತರೆ ಅಣ್ಣ ನಡುವೆ ಹೋಗಿ ಕೂತು, ಒಬ್ಬನನ್ನು ಕನ್ನಡದಲ್ಲಿ ಹೊಗಳಿ, ಇನ್ನೊಬ್ಬನನ್ನು ಮರಾಠಿಯಲ್ಲಿ ಹೊಗಳಿ, ಕೊನೆಗೆ ಇಬ್ಬರಿಗೂ ತಂಬಾಕು ಕೊಡಿಸಿ ಎಬ್ಬಿಸುತ್ತಿದ್ದ. ಹಾಗೆಯೇ ಗ್ರಾಮ ಪಂಚಾಯತಿಗೆ ಬಂದ, ಅಲ್ಲಿಂದ ಜಿಲ್ಲಾ ಪರಿಷತ್ತಿಗೆ ಹೋದ. ಕೆಲಸ ಮಾಡಲಿಲ್ಲ ಎಂದು ನಾನು ಹೇಳಲಾರೆ. ಬೇಸಿಗೆಯಲ್ಲಿ ತಡವಳದ ಕಡೆಯ ಹಳ್ಳಿಗಳಿಗೆ ನೀರಿನ ಟ್ಯಾಂಕರು ತಾನೇ ಮುಂದೆ ನಿಂತು ಕಳಿಸಿದ್ದು ಅವನೇ. ನಮ್ಮ ಸಾಲೆಯ ಸೋರುವ ತಗಡು ತೆಗೆಸಿದ್ದೂ ಅವನೇ. ಹಾಗಾಗಿ ಅವನ ಮೇಲೆ ಪೂರ್ತಿ ಸಿಟ್ಟಾಗಲು ನನ್ನಿಂದ ಆಗುವುದಿಲ್ಲ. ನನ್ನ ಕಷ್ಟವೇ ಅದು.

ಅವನು ಮೊದಲ ಸಲ ವಿಧಾನಸಭೆಗೆ ನಿಂತಾಗ ಎದುರಿನವರು ಒಂದು ಆಟ ಹೂಡಿದರು. ಎಲ್ಲಿಂದಲೋ ಅಣ್ಣನದೇ ಹೆಸರು, ಅಡ್ಡಹೆಸರು ಇರುವ ಒಬ್ಬನನ್ನು ಹುಡುಕಿ ತಂದು ಕಣಕ್ಕಿಳಿಸಿದರು. ಊರಿನ ಹಿರಿಯರಲ್ಲಿ ಹೆಚ್ಚಿನವರಿಗೆ ಓದು ಬಾರದು, ಬಂದವರಿಗೂ ಎರಡು ಹೆಸರಲ್ಲಿ ಯಾವುದು ನಮ್ಮದು ಎಂದು ಹೇಗೆ ತಿಳಿಯಬೇಕು? ಅಣ್ಣ ಎಲ್ಲರನ್ನೂ ಬೀರೋಬನ ಗುಡಿಗೆ ಕರೆದ. ನಾನೂ ಇದ್ದೆ. ಅವನು ಹೇಳಿದ್ದು ಈಗಲೂ ಕಿವಿಯಲ್ಲಿದೆ.

"ನನ್ನ ಹೆಸರ ಮರೀರಿ. ನನ್ನ ಮಾರಿನೂ ಮರೀರಿ. ಬೀಸುಕಲ್ಲು ಎಲ್ಲಿ ಅದ, ಅದೊಂದ ನೋಡ್ರಿ. ಜೀವ ಇರೂತನಾ ಬೀಸುಕಲ್ಲಿಗೇ ಅಂತ ಭಂಡಾರ ಎತ್ತರಿ."

ಬೀಸುಕಲ್ಲು ಅವನ ಪಕ್ಷದ ಗುರುತು. ಭಂಡಾರ ಎಂದರೆ ದೇವರಿಗೆ ಏರಿಸುವ ಅರಿಶಿನದ ಪುಡಿ. ಅದನ್ನು ಮುಷ್ಟಿಯಲ್ಲಿ ಎತ್ತಿ ಹಿಡಿದು ಆಡಿದ ಮಾತು ನಮ್ಮವರಿಗೆ ಆಣೆ. ಸಂಬಂಧ ಕೂಡಿಸುವಾಗ, ಅಣ್ಣತಮ್ಮಂದಿರು ಕುರಿ ಹಂಚಿಕೊಳ್ಳುವಾಗ, ಹಳೆಯ ಜಗಳ ಮುಗಿಸುವಾಗ ಭಂಡಾರ ಎತ್ತಿದರೆ ಮುಗಿಯಿತು, ಮತ್ತೆ ಕಾಗದಪತ್ರ ಯಾರೂ ಕೇಳುವುದಿಲ್ಲ. ಆ ಮಾತನ್ನು ಬಿಡಿಸಲಿಕ್ಕೂ ಒಂದು ದಾರಿ ಇದೆ. ಎತ್ತಿಸಿದವನೇ ಗುಡಿಗೆ ಬಂದು ಕಂಬಳಿಯ ಮೇಲೆ ಕೂತು, ನಾನು ಎತ್ತಿಸಿದ ಮಾತನ್ನು ನಾನೇ ತಿರುಗಿ ತೆಗೆದುಕೊಂಡೆ ಎಂದು ಎಲ್ಲರೆದುರು ಹೇಳಿ, ಭಂಡಾರವನ್ನು ದೇವರ ಪಾದಕ್ಕೆ ಸುರಿಯಬೇಕು.

ಅಂದು ಮೊದಲು ಮುಷ್ಟಿ ಎತ್ತಿದವಳು ನಮ್ಮ ಅವ್ವ. ಮಗ ಗೆದ್ದ. ಮುಂದೆಯೂ ಗೆದ್ದ, ಒಮ್ಮೆ ಸೋತ, ಮತ್ತೆ ಗೆದ್ದು ಸ್ವಲ್ಪ ದಿನ ಮಂತ್ರಿಯೂ ಆದ. ಕೆಂಪು ದೀಪದ ಗಾಡಿ ನಮ್ಮ ಕುರಿಹಟ್ಟಿಯ ಮುಂದೆ ನಿಂತಾಗ ಕುರಿಗಳು ಬೆದರಿ ಓಡಿದ್ದವು. ಅವ್ವ ಅವನಿಗಿಂತ ಮೊದಲು ಕುರಿಗಳನ್ನು ಮಾತಾಡಿಸಲು ಹೋಗಿದ್ದಳು. ಪ್ರತಿ ಚುನಾವಣೆಯಲ್ಲೂ ಅವಳು ಬೀಸುಕಲ್ಲಿನ ಮುಂದೆ ಬೆರಳೊತ್ತಿ ಬಂದು, ದೇವರಿಗೆ ಕೈ ಮುಗಿದು, ಆಮೇಲೆ ಊಟ ಮಾಡುತ್ತಿದ್ದಳು. ಮಗನೂ ಬೀಸುಕಲ್ಲೂ ಬೇರೆ ಬೇರೆ ಎಂಬ ಯೋಚನೆ ಅವಳಿಗೇಕೆ, ನನಗೂ ಬಂದಿರಲಿಲ್ಲ.

ಆಮೇಲೆ ಪಕ್ಷ ಎರಡು ಹೋಳಾಯಿತು. ಏಕೆ ಆಯಿತು ಎಂದು ನನಗೆ ಇವತ್ತಿಗೂ ಬಿಡಿಸಿ ಹೇಳಲು ಬಾರದು. ಅಣ್ಣ ಮೊದಲು ಒಂದು ಹೋಳಿನಲ್ಲಿದ್ದ, ನಂತರ ಎರಡೂ ಕಡೆ ಇದ್ದ ಹಾಗೆ ಕಂಡ, ನಂತರ ಫೋನು ಎತ್ತಲಿಲ್ಲ. ಅವನು ಕೊನೆಗೆ ನಿಂತ ಕಡೆ ಬೀಸುಕಲ್ಲು ಇರಲಿಲ್ಲ. ಅದು ಆಚೆಯವರ ಪಾಲಿಗೆ ಹೋಯಿತು. ಅಣ್ಣನಿಗೆ ಸಿಕ್ಕ ಹೊಸ ಗುರುತು ಹೊರಸು, ಅಂದರೆ ಹಗ್ಗದ ಮಂಚ. ಸೋಲಾಪುರದಲ್ಲಿ ಅವನು ಹೊರಸಿನ ಪಕ್ಕ ಕೈಮುಗಿದು ನಿಂತ ಬ್ಯಾನರು ಕಂಡಾಗ, ಇವನು ಮಲಗಲು ಹೊರಟಿದ್ದಾನೋ ಗೆಲ್ಲಲು ಹೊರಟಿದ್ದಾನೋ ಎಂದು ನಾನು ಒಬ್ಬಳೇ ನಕ್ಕೆ.

ಊರಿನಲ್ಲಿ ಯಾರೂ ನಗಲಿಲ್ಲ. ಜೀವ ಇರುವ ತನಕ ಎಂದು ಭಂಡಾರ ಎತ್ತಿದವರು ಈಗ ಏನು ಮಾಡಬೇಕು? ಗುಡಿಯ ಕಟ್ಟೆಯ ಮೇಲೆ ದಿನಾ ಅದೇ ಚರ್ಚೆ. ಮಾತು ಕೊಟ್ಟದ್ದು ಮನುಷ್ಯನಿಗೆ, ಕಲ್ಲಿಗಲ್ಲ ಎಂದು ಕೆಲವರ ವಾದ. ಬಾಯಿಂದ ಬಂದದ್ದು ಕಲ್ಲಿನ ಹೆಸರೇ, ದೇವರು ಕೇಳಿದ್ದೂ ಅದನ್ನೇ ಎಂದು ಉಳಿದವರು. ನಾನು ಓದಿದವಳೆಂದು ನನ್ನನ್ನು ಕೇಳಿದರು. ನಾನು ಮೊದಲಿನವರ ಮಾತಿಗೂ ತಲೆಯಾಡಿಸಿದೆ, ಎರಡನೆಯವರ ಮಾತಿಗೂ ತಲೆಯಾಡಿಸಿದೆ. ಎರಡೂ ಸರಿ ಎನಿಸಿತು, ಏನು ಮಾಡಲಿ?

ಅವ್ವ ಊರಲ್ಲೇ, ನನ್ನ ತಮ್ಮನ ಸಂಸಾರದ ಜೊತೆ, ಮೊಮ್ಮಕ್ಕಳ ಗದ್ದಲದಲ್ಲಿ ಇರುತ್ತಾಳೆ. ಅಣ್ಣ ನನಗೆ ಫೋನು ಮಾಡಿ, ಅವ್ವನಿಗೆ ತಿಳಿಸಿ ಹೇಳು, ಚುನಾವಣೆಯ ಅರ್ಜಿ ತುಂಬುವ ದಿನ ಅಕ್ಕಲಕೋಟಕ್ಕೆ ಬಂದು ನನ್ನ ಹಣೆಗೆ ಭಂಡಾರ ಹಚ್ಚಲಿ, ಜನ ಅದನ್ನು ನೋಡಬೇಕು ಎಂದ. ನಾನು ಬಸ್ಸು ಹಿಡಿದು ಹೋದೆ. ಅವ್ವ ಜೋಳ ಹಸನು ಮಾಡುತ್ತಿದ್ದಳು. ನನ್ನ ಮಾತು ಪೂರ್ತಿ ಕೇಳಿಸಿಕೊಂಡು, ತಲೆ ಎತ್ತದೆ ಹೇಳಿದಳು.

"ಬೀರೋಬನ ಮುಂದ ನಾ ಬೀಸುಕಲ್ಲು ಅಂದೀನಿ. ಮಗ ಅಂದಿಲ್ಲ. ಅವಗ ಬಾ ಅನ್ನು, ಬಂದು ಮಾತು ಬಿಡಸ್ಲಿ. ನಾ ಓಡಿ ಬರ್ತೀನಿ."

ಮಗನ ವಿರುದ್ಧ ಹೋಗುವ ಆಸೆ ಅವಳಿಗೆ ಎಳ್ಳಷ್ಟೂ ಇರಲಿಲ್ಲ. ಒಂದು ವಾಕ್ಯ ಹೇಳಲು ಅಣ್ಣ ಬಂದರೆ ಸಾಕಿತ್ತು.

ಅವನು ಬಂದ. ಗಾಡಿಗಳ ಸಾಲಿನೊಡನೆ ಬಂದ. ಗುಡಿಯಲ್ಲಿ ಕಂಬಳಿ ಹಾಸಿದ್ದರು, ಪೂಜಾರಿ ತಟ್ಟೆಯಲ್ಲಿ ಭಂಡಾರ ಇಟ್ಟಿದ್ದ. ಅವ್ವ ಕಂಬದ ಪಕ್ಕ ನಿಂತಿದ್ದಳು. ಅಣ್ಣ ಕೂತ. ಅವನ ಸುತ್ತ ಮೊಬೈಲು ಹಿಡಿದ ಕೈಗಳೇ ಕೈಗಳು. ಅವನು ಬಾಯಿ ತೆರೆದಾಗ ಮರಾಠಿ ಬಂತು. ತಾಲೂಕಿನ ವಿಕಾಸ, ನೀರಾವರಿ, ಜನರ ಹಿತಕ್ಕಾಗಿ ತೆಗೆದುಕೊಂಡ ಕಠಿಣ ನಿರ್ಣಯ ಎಂದೆಲ್ಲ ಸರಾಗವಾಗಿ ಹೇಳಿದ. ಪೂಜಾರಿ ಸಾವಕಾಶವಾಗಿ, ಅದಲ್ಲ ಸಾಹೇಬರ, ಆ ಒಂದು ಮಾತು ಹೇಳಿಬಿಡಿ ಎಂದ. ಅಣ್ಣನ ಜೊತೆಗೆ ಬಂದವನೊಬ್ಬ ಬಗ್ಗಿ ಅವನ ಕಿವಿಯಲ್ಲಿ ಏನೋ ಉಸುರಿದ. ಎತ್ತಿಸಿದ ಮಾತು ತಿರುಗಿ ತೆಗೆದುಕೊಂಡೆ ಎಂದು ಅವನೇ ಹೇಳಿದ್ದು ಮೊಬೈಲಿಗೆ ಸಿಕ್ಕರೆ ಎದುರಿನವರು ಊರೂರಿಗೆ ತೋರಿಸುತ್ತಾರೆ, ಅಷ್ಟೇ ಇರಬೇಕು ಆ ಪಿಸುಮಾತು. ಅಣ್ಣ ತಟ್ಟೆಯನ್ನು ನೋಡಿದ, ಅವ್ವನನ್ನು ನೋಡಿದ. ನನ್ನ ಮನಸ್ಸು ದೇವರಿಗೆ ಗೊತ್ತು ಎಂದು ಕೈ ಮುಗಿದು ಎದ್ದುಬಿಟ್ಟ. ಭಂಡಾರ ತಟ್ಟೆಯಲ್ಲೇ ಉಳಿಯಿತು.

ಅರ್ಜಿ ತುಂಬುವಾಗ ಅವ್ವ ಹೋಗಲಿಲ್ಲ. ಊರವರು ತಮತಮಗೆ ತಿಳಿದಂತೆ ಸಮಾಧಾನ ಮಾಡಿಕೊಂಡರು. ಅಣ್ಣ ಕಂಬಳಿಯ ಮೇಲೆ ಕೂತದ್ದೇ ಸಾಕು, ಮಾತು ಬಿಟ್ಟ ಹಾಗೇ ಲೆಕ್ಕ ಎಂದರು ಹಲವರು. ಅವ್ವನಿಗೆ ಆ ಲೆಕ್ಕ ಹಿಡಿಸಲಿಲ್ಲ. ಮತದಾನದ ದಿನ ನಾನು ಸೋಲಾಪುರದಲ್ಲಿ ನನ್ನ ಓಟು ಹಾಕಿ ಊರಿಗೆ ಹೋದೆ. ನನ್ನದು ಬೇರೆ ಕ್ಷೇತ್ರ, ಸದ್ಯ ಬದುಕಿದೆ ಎನಿಸಿತ್ತು. ಅವ್ವನನ್ನು ಸಾಲೆಯ ತನಕ ಕೈ ಹಿಡಿದು ಕರೆದುಕೊಂಡು ಹೋದೆ. ಒಳಗೆ ಒಬ್ಬಳೇ ಹೋದಳು. ಹೊರಗೆ ಬಂದವಳು ನನ್ನ ಮುಖ ನೋಡಲಿಲ್ಲ. ಮನೆಗೆ ಬಂದು ಗೋಡೆಯ ಕಡೆ ತಿರುಗಿ ಮಲಗಿದಳು. ರೊಟ್ಟಿ ತಂದರೆ ಬೇಡವೆಂದಳು. ನನ್ನೊಂದು ಓಟಿನಿಂದಲೇ ಅವನು ಸೋತರೆ ಹೇಗೆ ಎಂದು ಕೇಳಿದಳು. ಹಾಗೆಲ್ಲ ಒಂದೇ ಓಟಿನಿಂದ ಆಗುವುದಿಲ್ಲ ಎಂದು ನಾನು ಎಷ್ಟು ಹೇಳಿದರೂ ಅಳು ನಿಲ್ಲಲಿಲ್ಲ. ಆಗ ನನಗೆ ಅಣ್ಣನ ಮೇಲೆ ಬಂದ ಸಿಟ್ಟನ್ನು ಹೇಳಿ ತೀರಿಸಲಾರೆ.

ಅವನು ಗೆದ್ದ. ಗುಲಾಲು ಮೆತ್ತಿದ ಮುಖದಲ್ಲೇ ಅವ್ವನ ಕಾಲು ಮುಟ್ಟಲು ಬಂದ. ಅವ್ವ ಕಾಲು ಒಳಗೆಳೆದುಕೊಂಡು, ನಿನಗೆ ಹಾಕಿಲ್ಲಪ್ಪ ಎಂದು ಹೇಳಿಯೇಬಿಟ್ಟಳು. ಅಣ್ಣನ ಮುಖ ಸಣ್ಣದಾಯಿತು. ಕೈಯಲ್ಲಿದ್ದ ಪೇಢೆಯ ಡಬ್ಬಿಯನ್ನು ತಮ್ಮನ ಹೆಂಡತಿಗೆ ಕೊಟ್ಟು ಹೊರಟುಹೋದ. ಆಮೇಲೆ ಊರ ಕಡೆ ಸುಳಿಯಲಿಲ್ಲ, ಫೋನೂ ಇಲ್ಲ. ಅವ್ವ ಸೊರಗಿದಳು. ಗಾಡಿಯ ಸದ್ದಾದರೆ ಬಾಗಿಲಿಗೆ ಬರುವಳು, ಬೇರೆಯವರದ್ದೆಂದು ತಿಳಿದು ಒಳಗೆ ಹೋಗುವಳು. ಹೊಟ್ಟೆಯಲ್ಲಿ ಹುಟ್ಟಿದ ಮಗನನ್ನು ತಾನೇ ದೂರ ಮಾಡಿಕೊಂಡೆ ಎಂಬುದು ಅವಳ ಕೊರಗು. ಗುಡಿಗೆ ಹೋಗುವುದನ್ನೂ ಬಿಟ್ಟಳು. ಅವಳನ್ನು ನೋಡಿಕೊಳ್ಳಲೆಂದು ನಾನು ಊರಲ್ಲೇ ಉಳಿದೆ.

ಒಂದು ಸಂಜೆ ಟೀವಿಯಲ್ಲಿ ಹೊಸ ಸರಕಾರದ ಸುದ್ದಿ ಬಂತು. ಹೊರಸಿನವರೂ ಬೀಸುಕಲ್ಲಿನವರೂ ಕೂಡಿ ಸರಕಾರ ಮಾಡುತ್ತಾರಂತೆ. ಎರಡೂ ಹೋಳಿನವರು ಒಬ್ಬರ ಬಾಯಿಗೊಬ್ಬರು ಪೇಢೆ ಇಡುತ್ತಿದ್ದರು, ನಡುವೆ ಅಣ್ಣ ಬಾಯಿ ತೆರೆದು ನಿಂತಿದ್ದ. ನಾನು ಕನ್ನಡಕ ಒರೆಸಿ ಮತ್ತೆ ನೋಡಿದೆ. ಅವ್ವನಿಗೆ ಹೇಗೆ ಹೇಳುವುದೆಂದು ತಿಳಿಯದೆ ಟೀವಿ ಆರಿಸಿದೆ.

ಅಣ್ಣನೇ ಬಂದು ಹೇಳಿದ. ಒಬ್ಬನೇ ಬರಲಿಲ್ಲ. ತಾನು ಸೋಲಿಸಿದ ಬೀಸುಕಲ್ಲಿನ ಉಮೇದುವಾರನನ್ನು ತನ್ನ ಗಾಡಿಯಲ್ಲೇ ಕೂಡಿಸಿಕೊಂಡು ಬಂದಿದ್ದ. ಇಬ್ಬರೂ ಒಂದೇ ಜಮಖಾನದ ಮೇಲೆ ಕೂತು ಚಹಾ ಕುಡಿದರು. ಅಣ್ಣ ಬಹಳ ಖುಷಿಯಲ್ಲಿದ್ದ. ಅವ್ವನ ಮನಸ್ಸು ಹಗುರ ಮಾಡಲೆಂದೇ ಬಂದಿದ್ದ, ಅದರಲ್ಲಿ ನನಗೆ ಅನುಮಾನವಿಲ್ಲ.

"ಅವ್ವಾ, ನೀ ಓಟು ಹಾಕಿದ್ದು ಇವರಿಗೇ ನೋಡು. ಈಗ ನಾವಿಬ್ರೂ ಒಂದ. ನೀ ಹಾಕಿದ್ದು ತಿರುಗಿ ನನಗೇ ಮುಟ್ಟೇದ. ಯಾಕ ಸುಮ್ನ ಚಿಂತಿ ಮಾಡ್ತಿ?" ಎಂದ.

ಬಂದ ಅತಿಥಿಯೂ ನಕ್ಕು ಅವ್ವನಿಗೆ ಕೈ ಮುಗಿದ. ಅವ್ವ ಅವನನ್ನು ನೋಡಿದಳು, ಮಗನನ್ನು ನೋಡಿದಳು, ನನ್ನ ಕಡೆಗೂ ತಿರುಗಿದಳು. ಕೊನೆಗೆ ಅವಳೇ ಮಗನನ್ನು ಕೇಳಿದಳು.

"ಒಂದ ಆಗವ್ರಿದ್ರ ಮೊದ್ಲ ಯಾಕ ಹೇಳಲಿಲ್ಲೋ ಯಪ್ಪಾ? ನಾ ನನ್ನ ಕೈಯಾರೆ ನಿನ್ನ ಮಣ್ಣಾಗ ಇಟ್ಟು ಬಂದಂಗ ಅತ್ತೀನಿ."

ಅಣ್ಣನ ಫೋನು ಬಡಿದುಕೊಳ್ಳತೊಡಗಿತು. ಅವನು ಅದನ್ನು ಎತ್ತಲಿಲ್ಲ, ಆರಿಸಲೂ ಇಲ್ಲ. ಕೈಯಲ್ಲಿ ಹಿಡಿದುಕೊಂಡು ಅವ್ವನನ್ನೇ ನೋಡುತ್ತ ಕೂತ. ಜನ್ಮವಿಡೀ ಎರಡು ಕಡೆಯವರಿಗೂ ಮಾತು ಹೊಂದಿಸಿ ಎಬ್ಬಿಸಿದವನು ಅವನೇ.