ಕೆಂಗೇರಿಯಲ್ಲಿ ಮಾತಾಡಿದ ಲೋಹ

ಎಂಬತ್ತರ ದಶಕದ ಒಂದು ಬೇಸಿಗೆ. ಶನಿವಾರ ಬೆಳಿಗ್ಗೆ ಬಸವೇಶ್ವರನಗರದ ನಮ್ಮ ಮನೆಯಿಂದ ಕೆಂಗೇರಿಗೆ ಹೊರಟೆ. ಅಲ್ಲಿ ನನ್ನ ಅಕ್ಕ ಗಿರಿಜಾ ಒಬ್ಬಳೇ ಇದ್ದಳು. ಕಲ್ಲುಗಣಿಯಲ್ಲಿ ದುಡಿಯುತ್ತಿದ್ದ ಅವಳ ಗಂಡ ಶಿವಣ್ಣ ಭಾವ ಜ್ವರ ಬಂದು ತೀರಿಕೊಂಡು ಎರಡು ತಿಂಗಳಾಗಿತ್ತು. “ನಿಮ್ಮಕ್ಕಂಗೆ ದನಿಯೇ ಹೋಗ್ಬಿಟ್ಟಿದೆ, ಬಂದು ಕರ್ಕೊಂಡು ಹೋಗಿ” ಎಂದು ಅವಳ ನೆರೆಮನೆಯವರು ಹೇಳಿಕಳಿಸಿದ್ದರು.

ಮೆಜೆಸ್ಟಿಕ್‌ನಲ್ಲಿ ಬಸ್ಸು ಬದಲಿಸಿದೆ. ಬಿನ್ನಿಪೇಟೆ ದಾಟಿ ಮೈಸೂರು ರಸ್ತೆ ಹಿಡಿದ ಮೇಲೆ ಕಿಟಕಿಯಿಂದ ಬರೀ ಬಿಸಿಗಾಳಿ, ಜೊತೆಗೆ ವೃಷಭಾವತಿ ನದಿಯ ನಾತ. ಮಡಿಲಲ್ಲಿ ಚಿತ್ರಾನ್ನದ ಡಬ್ಬಿಯಿತ್ತು. ಹದಿನೈದು ಕಿಲೋಮೀಟರ್ ದಾರಿಗೆ ಗಂಟೆಗೂ ಮೇಲೆ ಹಿಡಿಯಿತು. ಕೆಂಗೇರಿಯಲ್ಲಿ ಇಳಿದು, ಸಂತೆಬೀದಿ ಹಾದು, ಕಲ್ಲುಗಣಿಯ ಕಡೆಗೆ ನಡೆದೆ.

ಅಕ್ಕನ ಅಂಗಳಕ್ಕೆ ಕಾಲಿಟ್ಟಾಗ ಮೊದಲು ಕಣ್ಣಿಗೆ ಬಿದ್ದದ್ದು ಕೋಳಿಗಳು. ಕೆದಕುತ್ತಿದ್ದವು, ಕೊಕ್ಕು ತೆರೆದು ಕತ್ತು ಚಾಚುತ್ತಿದ್ದವು. ಸದ್ದು ಮಾತ್ರ ಇರಲಿಲ್ಲ.

“ಅಕ್ಕಾ!” ಎಂದೆ. ನನ್ನ ಕೂಗು ಹತ್ತಿಯೊಳಗೆ ಹೂತಂತಾಯಿತು. ಅಕ್ಕ ಓಡಿಬಂದು ನನ್ನ ಬಾಯಿಗೆ ಕೈ ಅಡ್ಡವಿಟ್ಟಳು.

“ಜೋರಾಗಿ ಮಾತಾಡಬೇಡ ವಿಮಲಾ. ದನಿ ತಗೊಂಡ್ಬಿಡತ್ತೆ.” ಅವಳದು ಬರೀ ಉಸಿರಿನಂಥ ಪಿಸುಮಾತು.

ನಡುಮನೆಯಲ್ಲಿ, ಮಣೆಯ ಮೇಲೆ ಅದು ಇತ್ತು. ಅರ್ಧ ತೆಂಗಿನಕಾಯಿಯಷ್ಟು ದೊಡ್ಡ, ಬೂದಿಬಣ್ಣದ ಲೋಹ. ಗಣಿಯ ಬಂಡೆ ಒಡೆದಾಗ ಸಿಕ್ಕಿತೆಂದು ಭಾವ ಮನೆಗೆ ತಂದಿದ್ದರಂತೆ. “ತಣ್ಣಗಿದ್ರೆ ಕೇಳಿಸ್ಕೊಳತ್ತೆ, ಬಿಸಿಯಾದ್ರೆ ಹೇಳತ್ತೆ” ಎಂದಳು ಅಕ್ಕ. ದುಃಖಕ್ಕೆ ತಲೆ ಕೆಟ್ಟಿದೆ ಅಂದುಕೊಂಡೆ.

ಮಧ್ಯಾಹ್ನ ಅವಳು ಅದನ್ನು ಹಿತ್ತಲಿನ ಬಟ್ಟೆ ಒಗೆಯುವ ಕಲ್ಲಿನ ಮೇಲಿಟ್ಟಳು. ಬಿಸಿಲಿಗೆ ಕಲ್ಲು ಸುಡುತ್ತಿತ್ತು. ಸ್ವಲ್ಪ ಹೊತ್ತಿನಲ್ಲಿ ಲೋಹ ದನಿ ತೆಗೆಯಿತು.

ಮೊದಲು ಗಾಳಿ. ನಮ್ಮ ಗಾಳಿಯಲ್ಲ, ತುಂಬ ಭಾರವಾದದ್ದೇನೋ ಉರುಳಿದ ಹಾಗೆ. ಆಮೇಲೆ ಒಂದು ಒಂಟಿ ದನಿ, ಕೊಡದ ನೀರೊಳಗಿಂದ ಯಾರೋ ಮಾತಾಡಿದಂತೆ. ಅದು ಸೋತು ನಿಂತಿತು. ಆಗ ನೂರಾರು ದನಿಗಳು ಒಟ್ಟಾಗಿ ಅದೇ ಮಾತನ್ನು ತಿರುಗಿ ಹೇಳಿದವು. ಮತ್ತೊಂದು ಒಂಟಿ ದನಿ, ಮತ್ತೆ ಗುಂಪು. ಹೀಗೆಯೇ ಸಾಗಿತು. ಕೊನೆಗೆ ಏನೋ ಬೀಳುತ್ತಿರುವಂಥ ಉದ್ದನೆಯ ಸಿಳ್ಳು, ನಂತರ ಏನೂ ಇಲ್ಲ.

“ಬೇರೆ ಯಾವ್ದೋ ಲೋಕ ಕಣೇ” ಅಂದಳು ಅಕ್ಕ. “ಅಲ್ಲಿ ಸಾಯೋರು ಕಡೇ ಮಾತು ಇದಕ್ಕೆ ಹೇಳ್ತಾರೆ. ಉಳಿದೋರು ಅದನ್ನೇ ತಿರುಗಿ ಹೇಳಿ ಒಪ್ಪಿಸ್ಕೋತಾರೆ. ತುಂಬಿದ ಮೇಲೆ ಎಸೆದ್ಬಿಡ್ತಾರೆ, ನಾವು ಬೂದಿ ನೀರಿಗೆ ಬಿಡಲ್ವಾ, ಹಾಗೆ. ದಿನಾ ಕೇಳಿ ಕೇಳಿ ಗೊತ್ತಾಯ್ತು.”

ಅಷ್ಟರಲ್ಲಿ ಲೋಹದಿಂದ ಸುತ್ತಿಗೆ, ಹಾರೆಗಳ ಸದ್ದು ಬಂತು. ಅದರ ಹಿಂದೆಯೇ ಭಾವನ ದನಿ: “ಏನೋ ಸಿಕ್ತು ನೋಡ್ರೋ!” ಮತ್ತೆ ಅವರದೇ ದನಿ, ಈಗ ಜ್ವರದಲ್ಲಿ ಒಣಗಿದ್ದು: “ಗಿರಿಜಾ, ಸ್ವಲ್ಪ ನೀರು ಕೊಡೇ.”

“ಇದೇ ಅವರ ಕಡೇ ಮಾತು” ಎಂದು ಅಕ್ಕ ಕಣ್ಣು ಮುಚ್ಚಿದಳು. ದಿನವೂ ಇದಕ್ಕಾಗಿಯೇ ಕಾಯುತ್ತಿದ್ದಳು. ದಿನವೂ ಅದಕ್ಕೆ ಉತ್ತರ ಹೇಳಿ ಹೇಳಿ ತನ್ನ ದನಿಯನ್ನು ಅದಕ್ಕೆ ಕೊಟ್ಟಿದ್ದಳು.

ಆದರೆ ಆ ದಿನ ಅಲ್ಲಿಗೇ ನಿಲ್ಲಲಿಲ್ಲ. ಆ ನೀರಿನಂಥ ದನಿಗಳು, ನೂರಾರು, ತಡವರಿಸುತ್ತ ಕನ್ನಡದಲ್ಲಿ ಹೇಳಿದವು: “ಗಿರಿಜಾ, ಸ್ವಲ್ಪ ನೀರು ಕೊಡೇ.”

ಅಕ್ಕ ಬೆಚ್ಚಿ ನನ್ನ ತೋಳು ಹಿಡಿದಳು. “ಇದು ಯಾವತ್ತೂ ಬಂದಿರ್ಲಿಲ್ಲ ಕಣೇ.”

ಬೆನ್ನಿಗೇ ಲೋಹದೊಳಗಿಂದ ಅಕ್ಕನದೇ ದನಿ, ಅವಳು ಕಳೆದುಕೊಂಡಿದ್ದ ತುಂಬುದನಿ: “ಇಲ್ಲೇ ಇದೀನಿ ಕಣ್ರೀ, ಬರ್ತೀನಿ.”

ಅದು ನಿಂತಿತು. ಗುಂಪು ಉಸಿರೆಳೆದುಕೊಳ್ಳುವುದು ಕೇಳಿಸಿತು. ಅಲ್ಲಿ ತಿರುಗಿ ಹೇಳುವುದು ಸಾಯುವವರ ಮಾತನ್ನು ಮಾತ್ರ ಎಂದು ನಮಗಿಬ್ಬರಿಗೂ ಗೊತ್ತಿತ್ತು. ಪಕ್ಕದಲ್ಲಿದ್ದ ಬಕೆಟ್ಟಿನ ನೀರನ್ನೆಲ್ಲ ಲೋಹದ ಮೇಲೆ ಸುರಿದೆ. ಚುಂಯ್ ಎನ್ನಬೇಕಿತ್ತು, ಎನ್ನಲಿಲ್ಲ. ದನಿಗಳೂ ನಿಂತವು.

“ಎಸೆದ್ಬಿಡೋಣ ಅಕ್ಕ.”

“ಅವರ ದನಿ ಇರೋದು ಇದೊಂದ್ರಲ್ಲೇ ಕಣೇ.” ಅದರ ಮೇಲಿನ ನೀರನ್ನು ಅಂಗೈಯಿಂದ ಒರೆಸಿದಳು. ಕಡೆಗೆ ಸೆರಗಿನಲ್ಲಿ ಸುತ್ತಿ ಎತ್ತಿಕೊಂಡಳು.

ಹಳೆಯ ಗಣಿಯ ಹೊಂಡದಲ್ಲಿ ಹಸಿರು ನೀರು ನಿಂತಿತ್ತು. ಅಕ್ಕ ಲೋಹವನ್ನು ತುಟಿಯ ಹತ್ತಿರ ಹಿಡಿದಳು, ಏನನ್ನೂ ಹೇಳದೆ ಎಸೆದಳು. ನೀರು ಆಳೆತ್ತರ ಚಿಮ್ಮಿತು. ಸದ್ದಾಗಲಿಲ್ಲ. ಅಲೆಗಳು ದಡ ಮುಟ್ಟಿದ ಮೇಲೆ ಎಲ್ಲೋ ಒಂದು ಕಾಗೆ ಕೂಗಿದ್ದು ಕೇಳಿಸಿತು.

ಸಂಜೆಯ ಬಸ್ಸಿಗೆ ಅವಳನ್ನು ಕರೆದುಕೊಂಡು ಹೊರಟೆ. ಕಂಡಕ್ಟರು “ಎಲ್ಲಿಗಮ್ಮಾ?” ಎಂದಾಗ ಅಕ್ಕ ತುಟಿಯಾಡಿಸಿದಳು, ಏನೂ ಬರಲಿಲ್ಲ. ಟಿಕೆಟ್ಟು ನಾನೇ ಕೇಳಿ ತೆಗೆದುಕೊಂಡೆ. ಕೆಂಗೇರಿಯ ಮನೆಗಳು ಹಿಂದಾಗುತ್ತಿದ್ದವು. ಅವಳು ಕಿಟಕಿಯಾಚೆ ತಿರುಗಿ ನೋಡುತ್ತಲೇ ಇದ್ದಳು. ಇದ್ದಕ್ಕಿದ್ದಂತೆ ಅವಳ ಗಂಟಲಿನಿಂದ ಒಡಕು ಅಳು ಹೊರಬಂತು. ಭಾವ ಸತ್ತ ದಿನವೂ ಅವಳು ಹಾಗೆ ಅತ್ತಿರಲಿಲ್ಲ. ಬಸ್ಸಿನಲ್ಲಿದ್ದವರೆಲ್ಲ ತಿರುಗಿದರು. “ಸುಮ್ನಿರಮ್ಮಾ” ಎಂದರು ಯಾರೋ.

ನಾನು ಮಾತ್ರ ಸುಮ್ಮನಿರು ಅನ್ನಲಿಲ್ಲ.